ಮಿರ್ಯಾಮಿ ಕುವೊಸ್ಮನೆನ್

ಫಿನ್ಲೆಂಡ್ ದೇಶಕ್ಕೆ 1952ನೆಯ ಇಸವಿಯು ನೆಮ್ಮದಿಯ ವರ್ಷವಾಗಿದ್ದಿತು. ಯುದ್ಧದಲ್ಲಿ ಸೋತುದಕ್ಕಾಗಿ ಸೋವಿಯತ್ ಒಕ್ಕೂಟಕ್ಕೆ ತೆರಬೇಕಾಗಿದ್ದ ಪರಿಹಾರದ ಕೊನೆಯ ಸರಕು ಆ ವರ್ಷ ಗಡಿಯನ್ನು ದಾಟಿತು. ಹೆಲ್ಸಿಂಕಿಯಲ್ಲಿ ಒಲಿಂಪಿಕ್ ಕ್ರೀಡೆಗಳು ನೆರವೇರಿದವು. 'ವಾಲ್ಕೊಯ್ನೆನ್ ಪೆವುರಾ', ಎಂದರೆ 'ಬಿಳಿಯ ಹಿಮಸಾರಂಗ'ವೆಂಬ ಚಲಚ್ಚಿತ್ರವು ತೆರೆಯನ್ನು ಕಂಡುದೂ ಆ ವರ್ಷವೇ. ಅದರ ನಾಯಿಕೆ ಮಿರ್ಯಾಮಿ ಕುವೊಸ್ಮನೆನ್. 1915ರಲ್ಲಿ ಹುಟ್ಟಿದ ಈಕೆಯ ಹೆಸರನ್ನು ಆ ದೇಶದ ಹೊರಗೆ ಬಲ್ಲವರು ವಿರಳ.

ಚಿತ್ರದ ಕಥೆಯು ಉತ್ತರದ ಲ್ಯಾಪ್ಲೆಂಡಿನದು. ಹಿಮಸಾರಂಗಗಳನ್ನು ಕಾಯುವ ಆಸ್ಲಾಕನು ತನ್ನ ನವವಧು ಪಿರಿತಾಳನ್ನು ಮನೆಯಲ್ಲಿ ಬಿಟ್ಟು ಹಿಂಡಿನೊಡನೆ ದಿನಗಟ್ಟಲೆ ತೆರಳುವನು. ಒಂಟಿತನವನ್ನು ತಾಳಲಾರದೆ ಆಕೆ ಮಾಂತ್ರಿಕನೊಬ್ಬನ ಬಳಿಗೆ ಹೋಗುವಳು. ವಶೀಕರಣವು ಫಲಿಸಬೇಕಾದರೆ ದಾರಿಯಲ್ಲಿ ಮೊದಲು ಎದುರಾದ ಜೀವವನ್ನು ಬಲಿಯೀಯಬೇಕು. ಎದುರಾಗುವುದಾದರೋ ಗಂಡನೇ ಪ್ರೀತಿಯಿಂದ ಕೊಟ್ಟಿದ್ದ ಬಿಳಿಯ ಮರಿ! ಅಲ್ಲಿಂದ ಪಿರಿತಾಳು ತಾನೇ ಶ್ವೇತ ಹಿಮಸಾರಂಗವಾಗಿ, ಬೆನ್ನಟ್ಟಿ ಬಂದ ಗಂಡಸರನ್ನು ಕೊಲ್ಲತೊಡಗುವಳು. ಕೊನೆಗೆ ಕಬ್ಬಿಣದ ಈಟಿಯಿಂದ ಆ ಮೃಗವನ್ನು ಇರಿದ ಆಸ್ಲಾಕನಿಗೆ ಹಿಮದ ಮೇಲೆ ಕಾಣುವುದು ತನ್ನ ಹೆಂಡತಿಯ ಶವ.

ಚಿತ್ರದಲ್ಲಿ ಮಾತು ಅತ್ಯಲ್ಪ. ಭಾರವೆಲ್ಲ ನಟಿಯ ಮುಖದ ಮೇಲೆ. ಸಾರೋಟಿನಂತೆ ಹಿಮದ ಮೇಲೆ ಜಾರುವ ಬಂಡಿಯ ಪಂದ್ಯದಲ್ಲಿ ನಗುತ್ತ ಬರುವ ತರುಣಿಯ ಕಣ್ಣುಗಳಲ್ಲಿಯೇ ಮುಂದೆ ಹಸಿವೂ, ತನ್ನನ್ನು ಕಂಡು ತಾನೇ ಬೆಚ್ಚುವ ದಿಗಿಲೂ ಮೂಡುವುವು. ರಾಕ್ಷಸಿಯನ್ನು ಕಂಡು ಹೆದರುವುದು ಸುಲಭ. ಆಕೆಗಾಗಿ ಮರುಗುವಂತೆ ಮಾಡುವುದು ಕಠಿನ. ಕುವೊಸ್ಮನೆನ್ ಇದನ್ನು ಸಾಧಿಸಿದಳು. ಆ ವರ್ಷದ ಶ್ರೇಷ್ಠ ನಟಿಗೆ ಸಲ್ಲುವ ಫಿನ್ಲೆಂಡಿನ ಯುಸ್ಸಿ ಪ್ರಶಸ್ತಿಯು ಆಕೆಗೆ ಸಂದಿತು.

1953ರಲ್ಲಿ ಕಾನ್ ಉತ್ಸವದಲ್ಲಿ, ಕವಿ ಝಾನ್ ಕೊಕ್ತೋ ಅಧ್ಯಕ್ಷನಾಗಿದ್ದ ಮಂಡಲಿಯು ಈ ಚಿತ್ರಕ್ಕೆ ಅದ್ಭುತಕಥಾಚಿತ್ರದ ಬಹುಮಾನವನ್ನು ಕೊಟ್ಟಿತು. 1957ರಲ್ಲಿ ಅಮೆರಿಕೆಯ ಗೋಲ್ಡನ್ ಗ್ಲೋಬ್ ಸಹ ದೊರೆಯಿತು. ಕೀರ್ತಿಯೆಲ್ಲ ನಿರ್ದೇಶಕ ಎರಿಕ್ ಬ್ಲಾಂಬರ್ಗನ ಪಾಲಾಯಿತು. ಛಾಯಾಗ್ರಹಣವೂ ಆತನದೇ ಆದುದರಿಂದ ಇದು ಅನ್ಯಾಯವೆನ್ನಲಾಗದು. ಆದರೆ ಆತನ ಪತ್ನಿಯಾಗಿದ್ದ ಕುವೊಸ್ಮನೆನ್ ಕೇವಲ ನಟಿಯಲ್ಲ, ಚಿತ್ರಕಥೆಯನ್ನು ಆತನೊಡನೆ ಕೂಡಿ ಬರೆದವಳು. ಗಂಡನ ಗೈರುಹಾಜರಿಯಿಂದ ಹುಟ್ಟಿದ ಸ್ತ್ರೀಯ ಬೇಗುದಿಯೇ ಕಥೆಯ ತಿರುಳಾಗಿರುವಾಗ, ಬರೆದವರಲ್ಲಿ ಒಬ್ಬಳು ಸ್ತ್ರೀಯೆಂಬುದನ್ನು ವಿಮರ್ಶಕರು ಮರೆತುದು ಸೋಜಿಗವೇ ಸರಿ.

ಒಂದು ಕೊರತೆಯನ್ನೂ ಹೇಳಬೇಕು. ದಂಪತಿಗಳಿಬ್ಬರೂ ಲ್ಯಾಪ್ಲೆಂಡಿನ ಮೂಲನಿವಾಸಿಗಳಾದ ಸಾಮಿ ಜನರಲ್ಲ. ಅವರು ತೋರಿಸಿದ ಮಾಟ, ಬಲಿಪೀಠಗಳು ಬಹುಮಟ್ಟಿಗೆ ಹೊರಗಿನವರ ಕಲ್ಪನೆ. ಹಿಮವೂ ಹಿಂಡುಗಳೂ ಮಾತ್ರ ನಿಜವಾದವು.

1954ರಲ್ಲಿ ಮರಿಯಾ ಯೋಟುನಿಯ ಕಥೆಗಳನ್ನಾಧರಿಸಿದ ಚಿತ್ರವೊಂದರಲ್ಲಿ ಇವರಿಬ್ಬರೂ ಮತ್ತೆ ಜೊತೆಗೂಡಿದರು. ಇಂತಹ ಪಾತ್ರವು ಆಕೆಗೆ ಇನ್ನೊಮ್ಮೆ ಒದಗಲಿಲ್ಲ. 1963ರಲ್ಲಿ ನಲವತ್ತೆಂಟನೆಯ ವಯಸ್ಸಿಗೆ ಆಕೆ ತೀರಿಕೊಂಡಳು. ಬ್ಲಾಂಬರ್ಗನು 1996ರ ವರೆಗೆ ಬಾಳಿದನು.