ಬೀಗ ಹಾಕಿ ಊರು ಬಿಟ್ಟವರು

1669ರ ಸೆಪ್ಟೆಂಬರ್ 24ರಂದು ಸೂರತ್ ಪೇಟೆಯ ಬನಿಯಾ ವರ್ತಕರು ಅಂಗಡಿಗಳಿಗೆ ಬೀಗ ಹಾಕಿ ಊರು ಬಿಟ್ಟರು. ಸುಮಾರು 8,000 ಗಂಡಸರು ಹೆಂಡತಿ ಮಕ್ಕಳನ್ನು ಅಣ್ಣತಮ್ಮಂದಿರ, ಬಂಧುಗಳ ವಶಕ್ಕೆ ಒಪ್ಪಿಸಿ ನರ್ಮದೆಯ ದಡದ ಭರೂಚಿಗೆ ಹೊರಟರು. ಯಾರ ಮೇಲೂ ಕೈ ಎತ್ತಲಿಲ್ಲ.

ಊರಿನ ಕಾಜಿಯ ಕಾಟ ಮಿತಿ ಮೀರಿತ್ತು. ಮತಾಂತರ ಮಾಡಿಸುತ್ತೇನೆ, ದೇವಸ್ಥಾನ ಕೆಡವಿಸುತ್ತೇನೆ ಎಂದು ಹೆದರಿಸಿ ಆತ ಹಣ ಕೀಳುತ್ತಿದ್ದ. ಬಲವಂತವಾಗಿ ಮತಾಂತರಗೊಂಡ ಒಬ್ಬ ಬರಹಗಾರ ಅವಮಾನ ತಾಳದೆ ಪ್ರಾಣ ಬಿಟ್ಟನೆಂದು ಇಂಗ್ಲಿಷ್ ಈಸ್ಟ್ ಇಂಡಿಯಾ ಕಂಪನಿಯ ಕೋಠಿಯ, ಅಂದರೆ ವ್ಯಾಪಾರ ಕೇಂದ್ರದ, ಪತ್ರಗಳು ಹೇಳುತ್ತವೆ. ಭೀಮ್‌ಜಿ ಪಾರೇಖ್ ಸೇರಿ ಐದು ಮುಖಂಡರು ಮೊದಲು ಕೋಠಿಯ ಮುಖ್ಯಸ್ಥ ಜೆರಾಲ್ಡ್ ಆಂಜಿಯರ್‌ನನ್ನು ಕಂಡು, ಕಂಪನಿಯ ಕೈಗೆ ಹಿಂದಿನ ವರ್ಷವಷ್ಟೇ ಬಂದಿದ್ದ ಬೊಂಬಾಯಿಯಲ್ಲಿ ಆಶ್ರಯ ಕೇಳಿದರು. ಮೊಘಲರ ಕೋಪ ತನ್ನ ಕಂಪನಿಯ ಮೇಲೆ ತಿರುಗೀತೆಂಬ ಅಂಜಿಕೆ ಅವನಿಗೆ. ಅಹಮದಾಬಾದಿಗೆ ಹೋಗಿ ಅಲ್ಲಿಂದ ಬಾದಶಹನಿಗೆ ದೂರು ಕೊಡಿ ಎಂದು ಹೇಳಿ ಕಳುಹಿಸಿದ. ಹೊರಟವರನ್ನು ತಡೆಯುವಂತೆ ಕಾಜಿ ಸೂರತ್ತಿನ ಅಧಿಕಾರಿಯನ್ನು ಒತ್ತಾಯಿಸಿದಾಗ ಆತ ಒಪ್ಪಲಿಲ್ಲ. ಅವರು ಬಾದಶಹನ ಪ್ರಜೆಗಳು, ಅವನ ರಾಜ್ಯದಲ್ಲಿ ಎಲ್ಲಿ ಬೇಕಾದರೂ ಹೋಗಬಹುದು ಎಂದುಬಿಟ್ಟ.

ಹುಂಡಿ, ಸಾಲ, ದಲ್ಲಾಳಿ, ನಾಣ್ಯ ವಿನಿಮಯ ಇವೆಲ್ಲ ಊರು ಬಿಟ್ಟವರ ಕೈಯಲ್ಲಿದ್ದವು. ಟಂಕಸಾಲೆ ನಿಂತಿತು, ಸುಂಕದ ಕಟ್ಟೆ ಬಾಗಿಲು ಹಾಕಿತು. ಮನೆಖರ್ಚಿಗೂ ದುಡ್ಡು ಹುಟ್ಟದೆ ಮುಸ್ಲಿಂ ವರ್ತಕರೂ ಕಂಗಾಲಾದರು. ಮೊಘಲ್ ಸಾಮ್ರಾಜ್ಯದ ದೊಡ್ಡ ಬಂದರು ಹೀಗೆ ಮೂರು ತಿಂಗಳು ಮಂಕಾಗಿ ಬಿದ್ದಿತ್ತು. ಧರ್ಮದ ವಿಷಯದಲ್ಲಿ ತೊಂದರೆ ಕೊಡುವುದಿಲ್ಲವೆಂದು ಔರಂಗಜೇಬನಿಂದಲೇ ಭರವಸೆಯ ಪತ್ರ ಬಂದ ಮೇಲೆ, ಡಿಸೆಂಬರ್ 20ರಂದು ಬನಿಯಾಗಳು ಹಿಂದಿರುಗಿದರು.

ಹೀಗೆ ಊರು ಬಿಡುವುದು ಗುಜರಾತಿನ ಊರುಗಳಲ್ಲಿ ಪ್ರಜೆ ಅರಸನಿಗೆ ಹಾಕುತ್ತಿದ್ದ ಕಡಿವಾಣ. ಇಂಥ ಹಕ್ಕನ್ನು ಯಾವ ಶಾಸನವೂ ಬರೆದುಕೊಟ್ಟಿರಲಿಲ್ಲ. ಊರು ಬಿಟ್ಟವರಿಲ್ಲದೆ ಬೊಕ್ಕಸ ಬರಿದಾಗುತ್ತದೆ ಎಂಬ ಲೆಕ್ಕವೇ ಅದರ ಬಲ. ಅಹಮದಾಬಾದಿನ ಜೈನ ವ್ಯಾಪಾರಿ ಶಾಂತಿದಾಸ ಝವೇರಿ ಊರು ಬಿಡುವ ಮಾತನ್ನೂ ಆಡಬೇಕಾಗಲಿಲ್ಲ. ಸರಸಪುರದಲ್ಲಿ ಅವನು ಕಟ್ಟಿಸಿದ್ದ ಚಿಂತಾಮಣಿ ಪಾರ್ಶ್ವನಾಥ ದೇಗುಲವನ್ನು 1645ರಲ್ಲಿ, ಆಗ ಸುಬೇದಾರನಾಗಿದ್ದ ಔರಂಗಜೇಬ್, ಮಸೀದಿ ಮಾಡಿಸಿದ. ಅದನ್ನು ಹಿಂದಕ್ಕೆ ಕೊಡಿ ಎಂದು ಶಹಜಹಾನನ ಫರ್ಮಾನು ಬಂತು. ದರ್ಬಾರಿಗೆ ಒಡವೆಯನ್ನೂ ಸಾಲವನ್ನೂ ಒದಗಿಸುವವನ ದೂರನ್ನು ಬಾದಶಹ ತಳ್ಳಿಹಾಕಲಾರ.

ಇಂಗ್ಲಿಷರ ಆಳ್ವಿಕೆ ಬಂದ ಮೇಲೂ ಸೂರತ್ತಿನವರು ಈ ಪಾಠ ಮರೆಯಲಿಲ್ಲ. 1844ರಲ್ಲಿ ಉಪ್ಪಿನ ಸುಂಕ ಮಣಕ್ಕೆ ಎಂಟಾಣೆಯಿಂದ ಒಂದು ರೂಪಾಯಿಗೆ ಏರಿದಾಗ ಜನ ಬೀದಿಗಿಳಿದರು. ಸರ್ಕಾರ ಸುಂಕ ತಗ್ಗಿಸಬೇಕಾಯಿತು. 1848ರಲ್ಲಿ ಬಂಗಾಳದ ತೂಕ-ಅಳತೆಯನ್ನು ಹೇರಹೊರಟಾಗ ಪೇಟೆ ಹರತಾಳ ಹೂಡಿತು, ಆ ಆಜ್ಞೆಯೂ ವಾಪಸಾಯಿತು. ಒಂದು ಸಣ್ಣ ಸಂಸ್ಥಾನದಲ್ಲಿ ಅರಸನ ಅಪ್ಪಣೆಗೆ ಬೇಸತ್ತ ಹಳ್ಳಿಗರು ಊರು ಖಾಲಿ ಮಾಡತೊಡಗಿದಾಗ ಆತ ಕ್ಷಮೆ ಕೇಳಿದ ಸಂಗತಿಯನ್ನು ಗಾಂಧೀಜಿ 1909ರ ‘ಹಿಂದ್ ಸ್ವರಾಜ್’ನಲ್ಲಿ ನೆನೆದಿದ್ದಾರೆ. ಸತ್ಯಾಗ್ರಹದ ಬೇರನ್ನು ಟಾಲ್‌ಸ್ಟಾಯ್‌ನಲ್ಲಿ ಹುಡುಕುವವರು ಸೂರತ್ತಿನ ಪೇಟೆಬೀದಿಯನ್ನೂ ಒಮ್ಮೆ ನೋಡಬೇಕು.

ಆದರೆ ಈ ಬಲ ಇದ್ದದ್ದು ಮಹಾಜನದ ಕೈಯಲ್ಲಿ, ಅಂದರೆ ವರ್ತಕರ ಕೂಟದ ಕೈಯಲ್ಲಿ. ಒಬ್ಬನ ಅಂಗಡಿ ತೆರೆದಿದ್ದರೂ ಹರತಾಳ ಮುರಿಯುತ್ತದೆ. ಹಾಗಾಗಿ ಒಬ್ಬೊಬ್ಬನನ್ನೂ ಹಿಡಿತದಲ್ಲಿಡುವ ಕಟ್ಟು ಮಹಾಜನಕ್ಕಿತ್ತು. ಜಾತಿಯ ಪಂಚರ ಕಟ್ಟೂ ಅಷ್ಟೇ ಬಿಗಿ. ಸೂರತ್ತಿನಲ್ಲಿ ಹುಟ್ಟಿದ ಶಿಕ್ಷಣತಜ್ಞ ಮಹೀಪತರಾಮ್ ರೂಪರಾಮ್ 1860ರಲ್ಲಿ ಇಂಗ್ಲೆಂಡಿಗೆ ಹೋಗಿ ಬಂದ ತಪ್ಪಿಗೆ ಅವರ ನಾಗರ ಜಾತಿಯವರು ಬಹಿಷ್ಕಾರ ಹಾಕಿದರು. ಬಾದಶಹನ ಎದುರು ನಿಲ್ಲಬಲ್ಲ ಸಮಾಜ ತನ್ನವನೇ ಒಬ್ಬ ಸಮುದ್ರ ದಾಟಿದ್ದನ್ನು ಸಹಿಸಲಿಲ್ಲ.

ವಡೋದರೆಯಲ್ಲಿ ಮಾತ್ರ ಸ್ವಾತಂತ್ರ್ಯ ಮೇಲಿನಿಂದ ಇಳಿದು ಬಂತು. ಅಲ್ಲಿನ ಮಹಾರಾಜ ಮೂರನೆಯ ಸಯಾಜಿರಾವ್ ಗಾಯಕವಾಡ್ 1906ರಲ್ಲಿ ಇಡೀ ರಾಜ್ಯಕ್ಕೆ ಕಡ್ಡಾಯ, ಉಚಿತ ಪ್ರಾಥಮಿಕ ಶಿಕ್ಷಣ ತಂದರು, ಊರೂರಿಗೆ ಗ್ರಂಥಾಲಯ ಕಟ್ಟಿಸಿದರು. 1913ರಲ್ಲಿ ಅಂಬೇಡ್ಕರ್ ಕೊಲಂಬಿಯಾಕ್ಕೆ ಹೋದದ್ದು ಅವರ ವಿದ್ಯಾರ್ಥಿವೇತನದಿಂದ. ಮರಳಿ ಬಂದು ಹತ್ತು ವರ್ಷ ಸಂಸ್ಥಾನದ ಸೇವೆ ಮಾಡಬೇಕೆಂಬುದು ಕರಾರು. ಕರಾರಿನಂತೆ ಅಂಬೇಡ್ಕರ್ 1917ರಲ್ಲಿ ಬಂದರು. ಮಹಾರಾಜರ ಕಚೇರಿಯಲ್ಲಿ ಕೆಲಸವಿತ್ತು, ಅಸ್ಪೃಶ್ಯರೆಂಬ ಕಾರಣಕ್ಕೆ ತಲೆಯೂರಲು ಸೂರು ಇರಲಿಲ್ಲ. ಪಾರ್ಸಿ ವಸತಿಗೃಹದಲ್ಲಿ ಪಾರ್ಸಿ ಹೆಸರು ಬರೆಸಿ, ಮುರಿದ ಕುರ್ಚಿ ಬೆಂಚುಗಳು ತುಂಬಿದ್ದ ಮಹಡಿಯಲ್ಲಿ, ಮಿಣುಕು ಲಾಂದ್ರದ ಬೆಳಕಿನಲ್ಲಿ ರಾತ್ರಿ ಕಳೆದರು. ಹನ್ನೊಂದನೆಯ ದಿನ ಬೆಳಿಗ್ಗೆ ಹತ್ತಾರು ಪಾರ್ಸಿಗಳು ದೊಣ್ಣೆ ಹಿಡಿದು ಬಂದು, ಸಂಜೆಯೊಳಗೆ ಜಾಗ ಖಾಲಿ ಮಾಡು ಎಂದರು. ಹಿಂದೂ ಸ್ನೇಹಿತನೊಬ್ಬ, ಕ್ರೈಸ್ತ ಸ್ನೇಹಿತನೊಬ್ಬ, ಇಬ್ಬರೂ ಮನೆಯಲ್ಲಿ ಜಾಗ ಕೊಡಲಿಲ್ಲ. ಕಾಮಾಟಿ ಬಾಗ್ ಉದ್ಯಾನದಲ್ಲಿ ಗಂಟೆಗಟ್ಟಲೆ ಕುಳಿತಿದ್ದು ಅವರು ರಾತ್ರಿಯ ಬೊಂಬಾಯಿ ರೈಲು ಹತ್ತಿದರು. ಇದನ್ನೆಲ್ಲ ಅವರೇ ಬರೆದಿಟ್ಟಿದ್ದಾರೆ. ಎಂಟು ಸಾವಿರ ಬನಿಯಾಗಳು ಹೋದಾಗ ಸಾಮ್ರಾಜ್ಯ ಕರೆದು ತಂದಿತು. ಈ ಒಬ್ಬ ವಿದ್ವಾಂಸ ಹೋದದ್ದಕ್ಕೆ ವಡೋದರೆಯ ಒಂದು ಅಂಗಡಿಯೂ ಮುಚ್ಚಲಿಲ್ಲ.

ಬನಿಯಾಗಳ ದಾರಿಯನ್ನು ರೈತರು ತುಳಿದದ್ದು ಸೂರತ್ ಜಿಲ್ಲೆಯ ಬಾರ್ಡೋಲಿಯಲ್ಲಿ. 1928ರಲ್ಲಿ ಕಂದಾಯ ಶೇ. 22ರಷ್ಟು ಏರಿದಾಗ ವಲ್ಲಭಭಾಯಿ ಪಟೇಲರ ಮಾತಿನಂತೆ ಅವರು ಒಂದು ಬಿಡಿಗಾಸೂ ಕೊಡಲಿಲ್ಲ. ಜಪ್ತಿಯವರು ದನಕರು ಎಳೆದೊಯ್ಯದಂತೆ ಎಮ್ಮೆಗಳನ್ನೂ ಮನೆಯೊಳಗೆ ಕೂಡಿಕೊಂಡು ಹಗಲಿಡೀ ಅಗುಳಿ ಹಾಕಿ ಕುಳಿತರು. ಬಿಸಿಲು ಕಾಣದ ಎಮ್ಮೆಗಳ ಮೈ ಬಿಳಿಚಿತಂತೆ. ಕೊನೆಗೆ ನಡೆದ ವಿಚಾರಣೆ ಏರಿಕೆಯನ್ನು ಶೇ. 6ರ ಆಸುಪಾಸಿಗೆ ಇಳಿಸಿತು. 1930ರಲ್ಲಿ ದಮನ ಇನ್ನೂ ಬಿಗಿಯಾದಾಗ ಆ ರೈತರು ಬೀಗ ಹಾಕಿ, ಗಾಡಿ ಕಟ್ಟಿ, ಪಕ್ಕದ ವಡೋದರೆ ಸಂಸ್ಥಾನದ ಹೊಲಗಳಲ್ಲಿ ಗುಡಿಸಲು ಹಾಕಿಕೊಂಡರು. ಬ್ರಿಟಿಷ್ ಪತ್ರಕರ್ತ ಬ್ರೈಲ್ಸ್‌ಫರ್ಡ್ ಬಂದು ನೋಡಿದಾಗ ಹಳ್ಳಿಗೆ ಹಳ್ಳಿಯೇ ಖಾಲಿ. ಸಂಸ್ಥಾನದ ನೆಲವೂ ಬ್ರಿಟಿಷ್ ನೆಲವೂ ತೇಪೆ ಹಾಕಿದಂತೆ ಬೆರೆತಿದ್ದ ಆ ಸೀಮೆಯಲ್ಲಿ ಕೆಲವೇ ಮೈಲಿ ನಡೆದರೆ ಇನ್ನೊಬ್ಬ ದೊರೆಯ ರಾಜ್ಯ ಸಿಗುತ್ತಿತ್ತು. ಅದೇ ಕಾಲದಲ್ಲಿ ಕರನಿರಾಕರಣೆ ನಡೆಸಿ ‘ಕರ್ನಾಟಕದ ಬಾರ್ಡೋಲಿ’ ಎನಿಸಿಕೊಂಡ ಅಂಕೋಲೆಯವರಿಗೆ ಅಂಥ ಗಡಿಯೂ ಇರಲಿಲ್ಲ.

ಅದೇ ಬಾರ್ಡೋಲಿಯ ಹೊಲಗಳಲ್ಲಿ ದುಬ್ಲಾ ಬುಡಕಟ್ಟಿನ ಜನ ಹಾಳಿಗಳಾಗಿ, ಅಂದರೆ ಸಾಲಕ್ಕೆ ಜೀತ ಬಿದ್ದು, ದುಡಿಯುತ್ತಿದ್ದರು. ಒಡೆಯರು ಬೀಗ ಹಾಕಿ ಹೋಗಬಲ್ಲವರಾಗಿದ್ದರು. ಹಾಳಿ ಹೋದರೆ ಓಡಿಹೋದವನು. 1939ರ ಜನವರಿಯಲ್ಲಿ ಬಾರ್ಡೋಲಿಯಲ್ಲಿ ಹಾಳಿಗಳು ಮುಕ್ತರೆಂದು ಒಪ್ಪಂದವಾಯಿತು. ಒಡೆಯರು ಅದನ್ನು ನಡೆಸಿಕೊಡಲಿಲ್ಲ. ಜೀತವನ್ನು ಇಡೀ ದೇಶದಲ್ಲಿ ರದ್ದುಮಾಡಿದ ಕಾನೂನು ಬಂದದ್ದು 1976ರಲ್ಲಿ, ತುರ್ತುಪರಿಸ್ಥಿತಿಯ ನಡುವೆ.

ಆಗ ಗುಜರಾತ್ ಮತ್ತೆ ಆಶ್ರಯದ ನೆಲವಾಗಿತ್ತು. ಬಾಬುಭಾಯಿ ಪಟೇಲರ ಜನತಾ ಮೋರ್ಚಾ ಸರ್ಕಾರ ಇದ್ದ ತಿಂಗಳುಗಳಲ್ಲಿ ಬೇರೆ ರಾಜ್ಯಗಳ ವಿರೋಧಿ ನಾಯಕರು ಇಲ್ಲಿ ತಲೆಮರೆಸಿಕೊಂಡರು. 1975ರ ಅಕ್ಟೋಬರ್‌ನಲ್ಲಿ ಅಹಮದಾಬಾದಿನಲ್ಲಿ ನಾಗರಿಕ ಸ್ವಾತಂತ್ರ್ಯ ಸಮ್ಮೇಳನ ನಡೆಯಿತು. ಅಲ್ಲಿನ ಭಾಷಣಗಳನ್ನು ಅಚ್ಚು ಹಾಕಿದ್ದಕ್ಕೆ ವಡೋದರೆಯ ‘ಭೂಮಿಪುತ್ರ’ ಪತ್ರಿಕೆ ಸೆನ್ಸಾರಿನ ಕ್ರಮ ಎದುರಿಸಿ ಹೈಕೋರ್ಟಿನವರೆಗೂ ಹೋಯಿತು. 1976ರ ಮಾರ್ಚ್‌ನಲ್ಲಿ ಸರ್ಕಾರ ಉರುಳಿ ರಾಷ್ಟ್ರಪತಿ ಆಳ್ವಿಕೆ ಬಂತು. ವಡೋದರೆಯಲ್ಲಿ ಸಿಕ್ಕ ಡೈನಮೈಟಿನ ಸುತ್ತ ಕಟ್ಟಿದ ಮೊಕದ್ದಮೆಯಲ್ಲಿ ಮಂಗಳೂರಿನ ಜಾರ್ಜ್ ಫರ್ನಾಂಡಿಸ್ ಮೊದಲ ಆರೋಪಿಯಾದರು. ಅದೇ ಪ್ರಕರಣದ ಹೆಸರಿನಲ್ಲಿ ‘ಸಂಸ್ಕಾರ’ ಚಿತ್ರದ ನಟಿ ಸ್ನೇಹಲತಾ ರೆಡ್ಡಿ ಅವರನ್ನು ಹಿಡಿದು ಬೆಂಗಳೂರಿನ ಸೆಂಟ್ರಲ್ ಜೈಲಿಗೆ ಹಾಕಲಾಯಿತು. ಆಸ್ತಮಾ ಉಲ್ಬಣಿಸಿ, 1977ರ ಜನವರಿಯಲ್ಲಿ ಪೆರೋಲ್ ಸಿಕ್ಕ ಕೆಲವೇ ದಿನಗಳಲ್ಲಿ ಅವರು ತೀರಿಕೊಂಡರು. ಅಂತಿಮ ಆರೋಪಪಟ್ಟಿಯಲ್ಲಿ ಅವರ ಹೆಸರಿರಲಿಲ್ಲ.