ಏಕಪಕ್ಷೀಯ ಆದೇಶದ ರದ್ದತಿ

ಏಕಪಕ್ಷೀಯ ಆದೇಶದ ರದ್ದತಿ ಎಂಬುದು ಪ್ರತಿವಾದಿಯ ಗೈರುಹಾಜರಿಯಲ್ಲಿ ಸಿವಿಲ್ ನ್ಯಾಯಾಲಯವು ಮಾಡಿದ ಆದೇಶವನ್ನು ಅಥವಾ ನೀಡಿದ ಡಿಕ್ರಿಯನ್ನು ಅದೇ ನ್ಯಾಯಾಲಯವು ತೆಗೆದುಹಾಕಿ, ಆತನ ಅಹವಾಲನ್ನೂ ಆಲಿಸಲು ಅವಕಾಶ ನೀಡುವ ಪ್ರಕ್ರಿಯೆ. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 9ನೆಯ ಆದೇಶದ 7 ಮತ್ತು 13ನೆಯ ನಿಯಮಗಳು ಇದಕ್ಕೆ ಆಧಾರ. (ಸಂಹಿತೆಯ ಅಧ್ಯಾಯಗಳಿಗೂ 'ಆದೇಶ' ಎಂದೇ ಹೆಸರಿರುವುದರಿಂದ ಹೊಸಬರಿಗೆ ಗೊಂದಲವಾಗುವುದುಂಟು.) ಹಳೆಯ ಕಚೇರಿ ಕನ್ನಡದಲ್ಲಿ ಇದನ್ನು 'ಏಕತರ್ಫಿ' ಎನ್ನುತ್ತಿದ್ದರು.

ಆದೇಶ ಮತ್ತು ಡಿಕ್ರಿ

ಸಮನ್ಸು ಕ್ರಮಬದ್ಧವಾಗಿ ಜಾರಿಯಾದ ಮೇಲೂ ಪ್ರತಿವಾದಿ ಹಾಜರಾಗದಿದ್ದರೆ, 6ನೆಯ ನಿಯಮದಂತೆ ದಾವೆಯನ್ನು ಏಕಪಕ್ಷೀಯವಾಗಿ ವಿಚಾರಣೆ ಮಾಡಲು ನ್ಯಾಯಾಲಯ ಆದೇಶಿಸಬಹುದು. ಇಷ್ಟರಿಂದಲೇ ದಾವೆ ಸೋತಂತಾಗುವುದಿಲ್ಲ. ವಿಚಾರಣೆ ಮುಗಿಯುವ ಮೊದಲು ಹಾಜರಾಗಿ ತಕ್ಕ ಕಾರಣ ತೋರಿಸಿದರೆ 7ನೆಯ ನಿಯಮದಡಿ ಆ ಆದೇಶ ರದ್ದಾಗಿ, ಆತ ಮೊದಲ ದಿನವೇ ಹಾಜರಿದ್ದಂತೆ ಭಾವಿಸಲಾಗುತ್ತದೆ. ಕಾರಣ ಒಪ್ಪಿತವಾಗದಿದ್ದರೂ ಮುಂದಿನ ವಿಚಾರಣೆಗಳಲ್ಲಿ ಭಾಗವಹಿಸುವ ಹಕ್ಕು ಉಳಿದಿರುತ್ತದೆ ಎಂದು ಸರ್ವೋಚ್ಚ ನ್ಯಾಯಾಲಯವು 1955ರ ಸಂಗ್ರಾಮ್ ಸಿಂಗ್ ಪ್ರಕರಣದಲ್ಲಿ ಸ್ಪಷ್ಟಪಡಿಸಿದೆ. ಡಿಕ್ರಿಯೇ ಆಗಿಹೋಗಿದ್ದರೆ 13ನೆಯ ನಿಯಮದಡಿ ಅರ್ಜಿ ಸಲ್ಲಿಸಬೇಕು.

ಆಧಾರಗಳು ಮತ್ತು ಕಾಲಮಿತಿ

ಡಿಕ್ರಿ ರದ್ದತಿಗೆ ಆಧಾರಗಳು ಎರಡೇ: ಸಮನ್ಸು ಕ್ರಮವಾಗಿ ಜಾರಿಯಾಗಿರಲಿಲ್ಲ ಎಂಬುದು, ಇಲ್ಲವೇ ಹಾಜರಾಗದಂತೆ ಸಾಕಷ್ಟು ಕಾರಣವೊಂದು ತಡೆಯಿತು ಎಂಬುದು. ಆದರೆ ಪ್ರತಿವಾದಿಗೆ ವಿಚಾರಣೆಯ ದಿನಾಂಕ ತಿಳಿದಿದ್ದು, ಬರಲು ಸಮಯವೂ ಇದ್ದಲ್ಲಿ, ಜಾರಿಯಲ್ಲಿನ ಸಣ್ಣ ಲೋಪವನ್ನು ಮುಂದೊಡ್ಡುವಂತಿಲ್ಲ. ಈ ನಿರ್ಬಂಧವು 1976ರ ತಿದ್ದುಪಡಿಯಿಂದ ಬಂದಿತು.

1963ರ ಕಾಲಮಿತಿ ಅಧಿನಿಯಮದ 123ನೆಯ ಅನುಚ್ಛೇದದಂತೆ ಡಿಕ್ರಿಯ ದಿನದಿಂದ 30 ದಿನಗಳೊಳಗೆ ಅರ್ಜಿ ಸಲ್ಲಬೇಕು. ಸಮನ್ಸು ಜಾರಿಯಾಗಿರದಿದ್ದರೆ ಡಿಕ್ರಿಯ ವಿಷಯ ತಿಳಿದ ದಿನದಿಂದ ಎಣಿಕೆ. ಪತ್ರಿಕಾ ಪ್ರಕಟಣೆಯಂತಹ ಬದಲಿ ಜಾರಿಯನ್ನು ಈ ಎಣಿಕೆಯ ಮಟ್ಟಿಗೆ ಕ್ರಮಬದ್ಧ ಜಾರಿಯೆಂದು ಗಣಿಸುವುದಿಲ್ಲ. ಅನೇಕರಿಗೆ ತಿಳಿಯದ, ಆದರೆ ಬಹಳ ಬೆಲೆಯುಳ್ಳ ಅಂಶವಿದು. ವಿಳಂಬವಾಗಿದ್ದರೆ 5ನೆಯ ಪ್ರಕರಣದಡಿ ಮನ್ನಾ ಕೋರಬಹುದು.

ಮಲೆನಾಡಿನ ತಾಲ್ಲೂಕುಗಳಲ್ಲಿ

ಶಿವಮೊಗ್ಗ ಜಿಲ್ಲೆಯ ಸಾಗರ, ಹೊಸನಗರ ಮತ್ತು ತೀರ್ಥಹಳ್ಳಿ ಮೂರೂ ಕಡೆ ಸಿವಿಲ್ ನ್ಯಾಯಾಲಯಗಳಿವೆ. ಇಲ್ಲಿ ಮನೆಗಳು ತೋಟ, ಗದ್ದೆ, ಕಾಡುಗಳ ನಡುವೆ ಒಂಟಿಯಾಗಿ ಚದುರಿರುವುದರಿಂದ ಸಮನ್ಸಿನ ಜಾರಿ ಸುಲಭದ ಕೆಲಸವಲ್ಲ. 1964ರಲ್ಲಿ ಪೂರ್ಣಗೊಂಡ ಲಿಂಗನಮಕ್ಕಿ ಜಲಾಶಯವು ಸಾಗರ, ಹೊಸನಗರ ತಾಲ್ಲೂಕುಗಳ ಹಲವು ಊರುಗಳನ್ನು ಮುಳುಗಿಸಿ ಕುಟುಂಬಗಳನ್ನು ಬೇರೆಡೆಗೆ ಚದುರಿಸಿತು. ಹಿನ್ನೀರಿನಾಚೆಯ ತುಮರಿ ಭಾಗದ ಜನರು ಸಾಗರಕ್ಕೆ ಬರಲು ದಶಕಗಳ ಕಾಲ ಲಾಂಚನ್ನೇ ನೆಚ್ಚಿದ್ದರು. ಅಂಬಾರಗೋಡ್ಲು–ಕಳಸವಳ್ಳಿ ಸೇತುವೆ ಸಂಚಾರಕ್ಕೆ ತೆರೆದದ್ದು 2025ರ ಜುಲೈನಲ್ಲಿ. ಹೀಗಿದ್ದರೂ ಮಳೆಗಾಲವೆಂಬ ಒಂದು ಮಾತು ಸಾಕಷ್ಟು ಕಾರಣವೆನಿಸದು. ಆ ದಿನ ದಾರಿ ಕಡಿದಿತ್ತೆಂದು ಪ್ರಮಾಣಪತ್ರದಲ್ಲಿ ಹೇಳಿ ಪುರಾವೆ ಕೊಡಬೇಕಾಗುತ್ತದೆ.

ಪ್ರತಿವಾದಿ ಮನೆಯಲ್ಲಿಲ್ಲದೆ, ಬೇಗನೆ ಸಿಗುವ ಸಂಭವವೂ ಇಲ್ಲದಿದ್ದಾಗ, ಜೊತೆಯಲ್ಲಿ ವಾಸಿಸುವ ವಯಸ್ಕ ಸದಸ್ಯರಿಗೆ, ಹೆಂಗಸರೇ ಆಗಲಿ ಗಂಡಸರೇ ಆಗಲಿ, ಸಮನ್ಸು ನೀಡಬಹುದು. ಸೇವಕನು ಕುಟುಂಬದ ಸದಸ್ಯನಲ್ಲವೆಂದು ಸಂಹಿತೆಯೇ ಹೇಳುತ್ತದೆ. ಆದ್ದರಿಂದ ಅಡಿಕೆ ತೋಟದ ಆಳಿನ ಕೈಗೆ ಕೊಟ್ಟುಹೋದ ಸಮನ್ಸು ಪ್ರಶ್ನಾರ್ಹ. ಭಾಗದ ದಾವೆಗಳಲ್ಲಿ ಇದು ಹೆಚ್ಚು ಮುಖ್ಯ. ಮದುವೆಯಾಗಿ ಹೋದ ಮಗಳಿಗೋ ಬೆಂಗಳೂರಿನಲ್ಲಿ ನೆಲೆಸಿದ ಮಗನಿಗೋ ತವರಿನ ಹಳೆಯ ವಿಳಾಸಕ್ಕೆ ಸಮನ್ಸು ಕಳುಹಿಸಿದಲ್ಲಿ, ಅವರಿಗೆ ಸುದ್ದಿ ತಲುಪುವ ಹೊತ್ತಿಗೆ ಹಿಸ್ಸೆ ನಿಗದಿಯಾಗಿ ತೋಟ ಬೇರೆಯವರ ಪಾಲಾಗಿರಬಹುದು.

ಅರ್ಜಿಯ ನಂತರ

ಎದುರುದಾರರಿಗೆ ನೋಟಿಸು ನೀಡದೆ ಡಿಕ್ರಿಯನ್ನು ರದ್ದುಪಡಿಸುವಂತಿಲ್ಲ. ಖರ್ಚು ಭರಿಸುವ ಅಥವಾ ಹಣ ಠೇವಣಿ ಇಡುವ ಷರತ್ತನ್ನು ನ್ಯಾಯಾಲಯ ವಿಧಿಸಬಹುದು. ರದ್ದತಿ ಸಾಮಾನ್ಯವಾಗಿ ಅರ್ಜಿದಾರನಿಗಷ್ಟೇ ಅನ್ವಯಿಸಿದರೂ, ಬಿಡಿಸಲಾಗದ ಸ್ವರೂಪದ ಡಿಕ್ರಿಯಾದರೆ ಇತರ ಪ್ರತಿವಾದಿಗಳ ವಿರುದ್ಧವೂ ಅದನ್ನು ತೆಗೆದುಹಾಕಬಹುದು.

ಅರ್ಜಿ ತಿರಸ್ಕೃತವಾದರೆ 43ನೆಯ ಆದೇಶದ 1(ಡಿ) ನಿಯಮದಂತೆ ಮೇಲ್ಮನವಿಗೆ ಅವಕಾಶವಿದೆ. ಏಕಪಕ್ಷೀಯ ಡಿಕ್ರಿಯ ವಿರುದ್ಧವೇ 96(2)ನೆಯ ಪ್ರಕರಣದಡಿ ನೇರ ಮೇಲ್ಮನವಿಯನ್ನೂ ಹೂಡಬಹುದು. ಆದರೆ ಆ ಮೇಲ್ಮನವಿಯನ್ನು ಹಿಂತೆಗೆದುಕೊಳ್ಳದೆ, ಅದು ಬೇರಾವುದೇ ಕಾರಣದಿಂದ ಇತ್ಯರ್ಥವಾದರೆ, ಅನಂತರ 13ನೆಯ ನಿಯಮದ ಅರ್ಜಿ ನಿಲ್ಲುವುದಿಲ್ಲ.