ಎ.ಕೆ. ರಾಯ್: ಕಲ್ಲಿದ್ದಲು ನಾಡಿನ ಶಾಸಕ

ಅರುಣ್ ಕುಮಾರ್ ರಾಯ್ (15 ಜೂನ್ 1935 – 21 ಜುಲೈ 2019) ಧನಬಾದ್ ಕಲ್ಲಿದ್ದಲು ಪ್ರದೇಶದ ಕಾರ್ಮಿಕ ನಾಯಕರು. ಸಿಂದ್ರಿ ಕ್ಷೇತ್ರದಿಂದ ಮೂರು ಬಾರಿ ಬಿಹಾರ ವಿಧಾನಸಭೆಗೆ, ಧನಬಾದ್ ಕ್ಷೇತ್ರದಿಂದ ಮೂರು ಬಾರಿ ಲೋಕಸಭೆಗೆ ಆಯ್ಕೆಯಾದವರು. ಆ ಭಾಗದ ಜನ ಇವರನ್ನು ‘ರಾಯ್ ದಾ’ ಎಂದೇ ಕರೆಯುತ್ತಿದ್ದರು. ಬಂಗಾಳಿಯಲ್ಲಿ ‘ದಾ’ ಎಂದರೆ ಅಣ್ಣ.

ಶ್ರೀ ಸಮ್ಮೇದ ಶಿಖರಜಿ ಯಾತ್ರೆಗೆ ಹೋಗಿಬಂದ ಕುಟುಂಬಗಳಿಗೆ ಧನಬಾದ್ ಹೆಸರು ಹೊಸದಲ್ಲ. ಪಾರಸನಾಥ ನಿಲ್ದಾಣ ಇರುವ ರೈಲು ಮಾರ್ಗದಲ್ಲೇ ಸಿಗುವ ದೊಡ್ಡ ಜಂಕ್ಷನ್ ಅದು. ಕಿಟಕಿಯಿಂದ ಕಾಣುವ ಕಲ್ಲಿದ್ದಲಿನ ರಾಶಿಗಳು ಮತ್ತು ಝರಿಯಾದ ಗಣಿಗಳೇ ರಾಯ್ ಅವರ ಕಾರ್ಯಕ್ಷೇತ್ರ.

ಜನನ ಮತ್ತು ಶಿಕ್ಷಣ

ರಾಯ್ ಹುಟ್ಟಿದ್ದು ಇಂದಿನ ಬಾಂಗ್ಲಾದೇಶದಲ್ಲಿರುವ ರಾಜಶಾಹಿ ಜಿಲ್ಲೆಯಲ್ಲಿ. ತಂದೆ ವಕೀಲರು. ಕಲ್ಕತ್ತಾ ವಿಶ್ವವಿದ್ಯಾಲಯದಲ್ಲಿ ರಾಸಾಯನಿಕ ತಂತ್ರಜ್ಞಾನ ಓದಿ, 1960ರ ದಶಕದ ಆರಂಭದಲ್ಲಿ ಸಿಂದ್ರಿಯ ಸರ್ಕಾರಿ ರಸಗೊಬ್ಬರ ಸಂಸ್ಥೆಯಲ್ಲಿ ಎಂಜಿನಿಯರ್ ಆಗಿ ಸೇರಿದರು. ಸುತ್ತಲಿನ ಹಳ್ಳಿಗಳ ರೈತರ, ಗಣಿ ಕಾರ್ಮಿಕರ ಸಭೆಗಳಿಗೆ ಹೋಗತೊಡಗಿದ್ದು ಆಗಲೇ. 1966ರ ಚಳವಳಿಯಲ್ಲಿ ಬಂಧನಕ್ಕೊಳಗಾಗಿ ಕೆಲಸ ಕಳೆದುಕೊಂಡರು. ಮತ್ತೆ ಬೇರೆ ಕೆಲಸ ಹುಡುಕಲಿಲ್ಲ.

ವಿಧಾನಸಭೆಯಲ್ಲಿ

1967ರಲ್ಲಿ ಮಾರ್ಕ್ಸ್‌ವಾದಿ ಕಮ್ಯುನಿಸ್ಟ್ ಪಕ್ಷದಿಂದ ಸಿಂದ್ರಿ ಕ್ಷೇತ್ರದಲ್ಲಿ ಗೆದ್ದರು. 1969 ಮತ್ತು 1972ರಲ್ಲಿಯೂ ಗೆಲುವು ಇವರದೇ ಆಯಿತು. ಮುಂದೆ ಪಕ್ಷದಿಂದ ಬೇರೆಯಾಗಿ ಮಾರ್ಕ್ಸ್‌ವಾದಿ ಸಮನ್ವಯ ಸಮಿತಿಯನ್ನು ಕಟ್ಟಿದರು. ಗಣಿಗಳಲ್ಲಿ ಬಿಹಾರ ಕೋಲಿಯರಿ ಕಾಮಗಾರ್ ಯೂನಿಯನ್ ಇವರ ಸಂಘಟನೆಯಾಗಿತ್ತು.

ಆ ದಿನಗಳಲ್ಲಿ ಗಣಿ ಕಾರ್ಮಿಕನ ಸ್ಥಿತಿ ಕಷ್ಟದ್ದು. ಖಾಸಗಿ ಮಾಲೀಕರು ಕೂಲಿಯವರನ್ನು ಹದ್ದುಬಸ್ತಿನಲ್ಲಿಡಲು ಲಾಠಿ ಹಿಡಿದ ಪೈಲ್ವಾನರನ್ನು ಸಾಕಿದ್ದರು. ಸಂಬಳದ ದಿನ ಬಡ್ಡಿ ಸಾಲ ಕೊಟ್ಟವರು ಗಣಿಯ ಬಾಗಿಲಲ್ಲೇ ಕಾದಿದ್ದು ವಸೂಲಿ ಮಾಡುತ್ತಿದ್ದರು. ಸರ್ಕಾರ ಕೋಕಿಂಗ್ ಕಲ್ಲಿದ್ದಲು ಗಣಿಗಳನ್ನು 1972ರಲ್ಲಿ, ಉಳಿದವನ್ನು 1973ರಲ್ಲಿ ರಾಷ್ಟ್ರೀಕರಣ ಮಾಡಿತು. ಕಾರ್ಮಿಕರಿಗೆ ಖಾಯಂ ಕೆಲಸ, ಸರ್ಕಾರಿ ದರದ ಸಂಬಳ ಸಿಗುವ ಕಾಲ ಬಂತು. ಆದರೆ ಹಾಜರಿ ಪುಸ್ತಕದಲ್ಲಿ ಹೆಸರಿದ್ದವರಿಗೆ ಮಾತ್ರ ಆ ಕೆಲಸ. ತಲೆಮಾರುಗಳಿಂದ ಗಣಿಗಿಳಿದಿದ್ದ ಅನೇಕ ಸ್ಥಳೀಯ ಆದಿವಾಸಿ, ದಲಿತ ಕಾರ್ಮಿಕರ ಹೆಸರು ಬಿಟ್ಟುಹೋಗಿ, ಹೊರಗಿನವರ ಹೆಸರು ಸೇರಿಕೊಂಡವು. ಹಳೆಯ ಪೈಲ್ವಾನರು ಯೂನಿಯನ್ ಮುಖಂಡರಾಗಿ, ಗುತ್ತಿಗೆದಾರರಾಗಿ ಬೆಳೆದರು. ಈ ‘ಮಾಫಿಯಾ’ ವಿರುದ್ಧದ ಹೋರಾಟವೇ ರಾಯ್ ಅವರ ಮುಂದಿನ ಬದುಕಾಯಿತು.

ಜಾರ್ಖಂಡ್ ಚಳವಳಿ

ಗಣಿ ಕಾರ್ಮಿಕರು ಮತ್ತು ಭೂಮಿ ಕಳೆದುಕೊಂಡ ರೈತರು ಒಂದಾಗಬೇಕೆಂಬುದು ರಾಯ್ ಅವರ ನಿಲುವು. ತುಂಡಿ ಭಾಗದಲ್ಲಿ ಬಡ್ಡಿ ಸಾಲದವರ ವಿರುದ್ಧ ಆದಿವಾಸಿಗಳನ್ನು ಸಂಘಟಿಸಿದ್ದ ಶಿಬು ಸೊರೇನ್ ಹಾಗೂ ವಕೀಲ ಬಿನೋದ್ ಬಿಹಾರಿ ಮಹತೋ ಅವರೊಂದಿಗೆ ಸೇರಿ, 1970ರ ದಶಕದ ಆರಂಭದಲ್ಲಿ ಜಾರ್ಖಂಡ್ ಮುಕ್ತಿ ಮೋರ್ಚಾ ಸ್ಥಾಪನೆಗೆ ಕಾರಣರಾದರು. ಮುಂದೆ ದಾರಿಗಳು ಬೇರೆಯಾದವು. ಪ್ರತ್ಯೇಕ ರಾಜ್ಯ ರಚನೆಯಾದದ್ದು 15 ನವೆಂಬರ್ 2000ರಂದು.

ಸೆರೆಮನೆಯಿಂದ ಸಂಸತ್ತಿಗೆ

ತುರ್ತು ಪರಿಸ್ಥಿತಿಯಲ್ಲಿ ರಾಯ್ ಜೈಲು ಸೇರಿದರು. 27 ಡಿಸೆಂಬರ್ 1975ರಂದು ಸಿಂದ್ರಿಗೆ ಹತ್ತಿರದ ಚಾಸ್‌ನಾಲಾ ಗಣಿಗೆ ನೀರು ನುಗ್ಗಿ ಸುಮಾರು 375 ಕಾರ್ಮಿಕರು ಸತ್ತದ್ದು ಇದೇ ಅವಧಿಯಲ್ಲಿ. 1977ರ ಚುನಾವಣೆಯಲ್ಲಿ ಜೈಲಿನಿಂದಲೇ ಸ್ಪರ್ಧಿಸಿ ಲೋಕಸಭೆಗೆ ಗೆದ್ದರು. 1980 ಮತ್ತು 1989ರಲ್ಲಿ ಮತ್ತೆ ಆಯ್ಕೆಯಾದರು. 1984 ಹಾಗೂ 1991ರಲ್ಲಿ ಸೋತರು.

ಸಂಸದರ ಸಂಬಳ ಮತ್ತು ಪಿಂಚಣಿ ಹೆಚ್ಚಿಸುವ ಮಸೂದೆಯನ್ನು ಸದನದಲ್ಲಿ ವಿರೋಧಿಸಿದ ರಾಯ್, ಮಾಜಿ ಸಂಸದರ ಪಿಂಚಣಿಯನ್ನು ಸ್ವಂತಕ್ಕೆ ಬಳಸಲಿಲ್ಲ.

ಜೀವನ ಕ್ರಮ

ರಾಯ್ ಮದುವೆಯಾಗಲಿಲ್ಲ. ಆಸ್ತಿ, ಮನೆ, ವಾಹನ ಇಟ್ಟುಕೊಳ್ಳಲಿಲ್ಲ. ವಾಸ ಪಕ್ಷದ ಕಚೇರಿಯ ಸಣ್ಣ ಕೋಣೆಯಲ್ಲಿ, ಮಲಗುವುದು ಚಾಪೆಯ ಮೇಲೆ. ಬಡವರ ಮನೆಗಳಿಗೆ ವಿದ್ಯುತ್ ಬರುವವರೆಗೆ ತಮಗೂ ಬೇಡವೆಂದು ಬಹುಕಾಲ ದೀಪ, ಫ್ಯಾನ್ ಇಲ್ಲದೆ ಕಳೆದರು. ಬಿಡುವಿನಲ್ಲಿ ಪತ್ರಿಕೆಗಳಿಗೆ ಲೇಖನ ಬರೆಯುತ್ತಿದ್ದರು. ಕೊನೆಯ ವರ್ಷಗಳಲ್ಲಿ ಆರೋಗ್ಯ ಕೆಟ್ಟಾಗ ಆರೈಕೆ ಮಾಡಿದವರು ಒಬ್ಬ ಕಾರ್ಯಕರ್ತರ ಮನೆಯವರು.

ನಿಧನ

21 ಜುಲೈ 2019ರಂದು ಧನಬಾದ್‌ನ ಆಸ್ಪತ್ರೆಯಲ್ಲಿ 84ನೇ ವಯಸ್ಸಿನಲ್ಲಿ ನಿಧನರಾದರು. ಇವರು ಕಟ್ಟಿದ ಸಮನ್ವಯ ಸಮಿತಿ 2024ರಲ್ಲಿ ಸಿಪಿಐ (ಎಂಎಲ್) ಲಿಬರೇಶನ್ ಪಕ್ಷದಲ್ಲಿ ವಿಲೀನವಾಯಿತು. ಅದೇ ವರ್ಷದ ಜಾರ್ಖಂಡ್ ವಿಧಾನಸಭಾ ಚುನಾವಣೆಯಲ್ಲಿ, ರಾಯ್ ಮೊದಲು ಗೆದ್ದಿದ್ದ ಸಿಂದ್ರಿ ಕ್ಷೇತ್ರ ಆ ಪಕ್ಷದ ಪಾಲಾಯಿತು.